ರೆಕಾರ್ಡ್ ಒತ್ತಿದ ಮೇಲೆ ಕೈ ಬಿಡಬೇಡಿ: ಫೋಟೋ ಸ್ಟುಡಿಯೋದಿಂದ ಸಾಕ್ಷ್ಯಚಿತ್ರಕ್ಕೆ

ಮದುವೆ ಫೋಟೋ ತೆಗೆಯುವ ಹುಡುಗರು ನನ್ನ ಹತ್ತಿರ ಕೇಳುವ ಮೊದಲ ಪ್ರಶ್ನೆ ಯಾವಾಗಲೂ ಒಂದೇ. "ಅಣ್ಣಾ, ಡಾಕ್ಯುಮೆಂಟರಿ ಮಾಡೋಕೆ ಯಾವ ಕ್ಯಾಮೆರಾ ತಗೊಳ್ಲಿ?" ಈಗ ನಿನ್ನ ಹತ್ತಿರ ಇರೋದೇ ಸಾಕು ಅಂದರೆ ಅವರಿಗೆ ಬೇಜಾರು. ಆದರೆ ವಿಷಯ ಅಷ್ಟೇ. ಧಾರೆ ತೆಗೆದ ಕ್ಯಾಮೆರಾದಲ್ಲೇ ನಾನು ಅಘನಾಶಿನಿ ನದಿ ಕಡಲು ಸೇರುವ ಅಳಿವೆಯ ಸಾಕ್ಷ್ಯಚಿತ್ರವನ್ನೂ ತೆಗೆದೆ. ದುಡ್ಡು ಹಾಕಬೇಕಾದದ್ದು ಬೇರೆ ಕಡೆ, ಅದಕ್ಕೆ ಆಮೇಲೆ ಬರುತ್ತೇನೆ.

ನನ್ನದು ಕುಮಟಾದಲ್ಲಿ ಸ್ಟುಡಿಯೋ. ಪಾಸ್‌ಪೋರ್ಟ್ ಫೋಟೋ, ಮದುವೆ, ಉಪನಯನ, ಊರಿನ ಆಟ, ಅಂದರೆ ಯಕ್ಷಗಾನ. ಪತ್ರಿಕೆಗಳಿಗೂ ಆಗಾಗ ಕಳಿಸುತ್ತಿದ್ದೆ. ಶಿರಸಿ ಮಾರಿಕಾಂಬಾ ಜಾತ್ರೆ, ಹೋಳಿಯ ಬೇಡರ ವೇಷ, ಹಾಲಕ್ಕಿಗಳ ಸುಗ್ಗಿ ಕುಣಿತ ಎಲ್ಲ ಫೋಟೋಗೆ ಹೇಳಿ ಮಾಡಿಸಿದ ವಿಷಯಗಳು. ಬಣ್ಣ ಇದೆ, ಕುಣಿತ ಇದೆ, ಒಂದು ಒಳ್ಳೆ ಕ್ಷಣ ಸಿಕ್ಕರೆ ಕೆಲಸ ಮುಗಿಯಿತು. ಅಳಿವೆಯಲ್ಲಿ ಬಳಚು (ಕೆಸರಿನಲ್ಲಿ ಸಿಗುವ, ತಿನ್ನುವ ಚಿಪ್ಪು) ಹೆಕ್ಕುವವರ ಹತ್ತಿರ ಹೋದಾಗ ಮಾತ್ರ ಈ ಲೆಕ್ಕ ನಡೆಯಲಿಲ್ಲ. ನೀರು ಇಳಿದ ಹೊತ್ತಿಗೆ ಹೆಂಗಸರು ಸೊಂಟದ ಮಟ್ಟ ನೀರಿನಲ್ಲಿ ನಿಂತು ಕಾಲಿನಲ್ಲೇ ಕೆಸರು ತಡವುತ್ತಾರೆ, ಬಳಚು ತಾಗಿದ ಕೂಡಲೇ ಬಗ್ಗಿ ತೆಗೆಯುತ್ತಾರೆ, ಅಷ್ಟು ಹೊತ್ತೂ ಈಚೆ ದಡದವರಿಗೆ ಕೇಳುವಷ್ಟು ಜೋರಾಗಿ ಊರಿನ ಸುದ್ದಿ ಮಾತಾಡುತ್ತಿರುತ್ತಾರೆ. ಫೋಟೋದಲ್ಲಿ ಬಂದದ್ದು ಏನು? ನೀರಿನಲ್ಲಿ ಬಗ್ಗಿದ ಒಬ್ಬ ಹೆಂಗಸು, ಹಿಂದೆ ಉಪ್ಪುನೀರಿನಲ್ಲಿ ಬೆಳೆಯುವ ಕಾಂಡ್ಲಾ ಗಿಡ, ಚಂದದ ಬಿಸಿಲು. ಕಾಲು ಮಾಡುವ ಕೆಲಸ ಅದರಲ್ಲಿ ಇಲ್ಲ. ಮಾತು ಇಲ್ಲ. ಕ್ಯಾಪ್ಷನ್ ಬರೆದರೆ ಯಾರು ಓದುತ್ತಾರೆ ಹೇಳಿ. ಹಾಗಾಗಿ ವಿಡಿಯೋ ಬಟನ್ ಒತ್ತಿದೆ.

ಇದು ಹೊಸ ದಾರಿ ಏನಲ್ಲ. ನಮ್ಮ ರಾಜ್ಯದ ಕೃಪಾಕರ–ಸೇನಾನಿ ಕಾಡಿನ ಫೋಟೋ ತೆಗೆಯುತ್ತಿದ್ದವರು. ಆಮೇಲೆ ಸೀಳುನಾಯಿಗಳ ಹಿಂದೆ ವರ್ಷಗಟ್ಟಲೆ ಬಿದ್ದು ಚಿತ್ರ ಮಾಡಿ, 2010ರಲ್ಲಿ ವನ್ಯಜೀವಿ ಚಿತ್ರಗಳಿಗೆ ಕೊಡುವ, ಗ್ರೀನ್ ಆಸ್ಕರ್ ಎಂದು ಕರೆಯುವ ಪ್ರಶಸ್ತಿ ತಂದರು. ನಾನು ನೋಡಿದ್ದು ಪ್ರಶಸ್ತಿಗಿಂತ ಆ 'ವರ್ಷಗಟ್ಟಲೆ'ಯನ್ನು.

ತಾಂತ್ರಿಕ ಬದಲಾವಣೆ ಒಂದು ವಾರದಲ್ಲಿ ಕಲಿಯುವಂಥದ್ದು. ಹಾರುವ ನೀರನ್ನು ನಿಲ್ಲಿಸಲು ಫೋಟೋದಲ್ಲಿ ಶಟರ್ 1/1000 ಸೆಕೆಂಡಿಗೆ ಇಡುತ್ತೇವೆ. ವಿಡಿಯೋದಲ್ಲಿ ಹಾಗೆ ಇಟ್ಟರೆ ಚಲನೆ ಕಿತ್ತು ಕಿತ್ತು ಬರುತ್ತದೆ. ಸೆಕೆಂಡಿಗೆ 25 ಫ್ರೇಮ್ ಇದ್ದರೆ ಶಟರ್ 1/50. ನಮ್ಮ ಕರೆಂಟ್ 50 ಹರ್ಟ್ಸ್ ಆದ್ದರಿಂದ ಟ್ಯೂಬ್‌ಲೈಟ್ ಮಿನುಗುವುದೂ ಇದರಿಂದ ತಪ್ಪುತ್ತದೆ. ಆದರೆ ನಮ್ಮ ಕಡಲ ಬದಿಯ ಬಿಸಿಲಿಗೆ 1/50 ಇಟ್ಟರೆ ಎಲ್ಲ ಬೆಳ್ಳಗೆ ಸುಟ್ಟು ಹೋಗುತ್ತದೆ, ಅದಕ್ಕೆ ಲೆನ್ಸಿನ ಮುಂದೆ ಬೆಳಕು ಕಡಿಮೆ ಮಾಡುವ ಕಪ್ಪು ಗಾಜು, ಎನ್‌ಡಿ ಫಿಲ್ಟರ್, ಬೇಕೇ ಬೇಕು. ಕ್ಯಾಮೆರಾ ಅಡ್ಡಕ್ಕೇ ಇರಲಿ. ಫೋಟೋದವರಿಗೆ ಮನುಷ್ಯ ನಿಂತದ್ದು ಕಂಡ ಕೂಡಲೇ ಕ್ಯಾಮೆರಾ ಉದ್ದಕ್ಕೆ ತಿರುಗಿಸುವ ಅಭ್ಯಾಸ.

ಬೆರಳಿನ ಅಭ್ಯಾಸ ಬಿಡಿಸುವುದಕ್ಕೆ ಮಾತ್ರ ಜಾಸ್ತಿ ಸಮಯ ಬೇಕು. ಫೋಟೋಗ್ರಾಫರ್ ಕಣ್ಣು ಒಳ್ಳೆಯ ಕ್ಷಣಕ್ಕೆ ಕಾಯುತ್ತದೆ, ಅದು ಬಂತು ಅಂದರೆ ಕೈ ಬಿಡುತ್ತದೆ. ಸಿನಿಮಾಕ್ಕೆ ಬೇಕಾದದ್ದು ಆ ಕ್ಷಣದ ಹಿಂದೆ ಮುಂದೆ ಇರುವುದು. ಕಾಲು ತಡವುತ್ತಾ ಮುಖ ಎತ್ತಲೋ ನೋಡುವುದು, ಏನೋ ತಾಗಿ ಮಾತು ಅರ್ಧಕ್ಕೆ ನಿಲ್ಲುವುದು, ಬಗ್ಗುವುದು, ಎದ್ದು ಬುಟ್ಟಿಗೆ ಹಾಕಿ ಬಿಟ್ಟ ಮಾತನ್ನು ಅಲ್ಲಿಂದಲೇ ಮುಂದುವರಿಸುವುದು. ಇಷ್ಟೂ ಇದ್ದರೆ ಎಡಿಟಿಂಗ್‌ನಲ್ಲಿ ಒಂದು ದೃಶ್ಯ ಆಗುತ್ತದೆ. ಬರೀ ಬಗ್ಗಿದ್ದು ಇದ್ದರೆ ಅದು ಅಲುಗಾಡುವ ಫೋಟೋ. ಅದೇ ಕೆಲಸವನ್ನು ದೂರದಿಂದ, ಹತ್ತಿರದಿಂದ, ಕೈ ಮಾತ್ರ, ಮುಖ ಮಾತ್ರ ಅಂತ ಮತ್ತೆ ಮತ್ತೆ ತೆಗೆಯಬೇಕು. ಮರುದಿನ ಮತ್ತೆ ಹೋದರೆ, "ಎಂತ ತಮಾ, ನಿನ್ನೆ ತೆಗೆದದ್ದು ಸರಿ ಬರ್ಲಿಲ್ವಾ?" ಅಂತ ನಗುತ್ತಾರೆ. ನಗಲಿ. ಸ್ವಲ್ಪ ದಿನಕ್ಕೆ ಅವರಿಗೆ ನಾವು ಬೇಜಾರಾಗುತ್ತೇವೆ, ಕ್ಯಾಮೆರಾ ಕಡೆ ನೋಡುವುದನ್ನೇ ಬಿಡುತ್ತಾರೆ. ನಿಜವಾದ ಶೂಟಿಂಗ್ ಶುರುವಾಗುವುದು ಆವಾಗ.

ನೀರಿನ ಲೆಕ್ಕ ಒಂದು ದೊಡ್ಡ ಪಾಠ. ಇವತ್ತು ಬೆಳಿಗ್ಗೆ ಏಳಕ್ಕೆ ಇಳಿತ ಇದ್ದರೆ ನಾಳೆ ಅದು ಸುಮಾರು 50 ನಿಮಿಷ ತಡ. ವಾರ ಕಳೆದರೆ ನಡು ಮಧ್ಯಾಹ್ನಕ್ಕೆ ಬಂದಿರುತ್ತದೆ, ನೆತ್ತಿ ಮೇಲಿನ ಬಿಸಿಲಿನಲ್ಲಿ ಮುಖವೇ ಕಾಣುವುದಿಲ್ಲ. ಇವತ್ತು ಅರ್ಧ ತೆಗೆದ ದೃಶ್ಯಕ್ಕೆ ಅದೇ ಬೆಳಕು, ಅದೇ ನೀರು ಮತ್ತೆ ಬೇಕು ಅಂದರೆ ಹದಿನೈದು ದಿನ ಕಾಯಬೇಕು. ಹುಣ್ಣಿಮೆ, ಅಮಾವಾಸ್ಯೆ ಆಚೀಚೆ ನೀರು ಜಾಸ್ತಿ ಇಳಿಯುತ್ತದೆ. ಹಾಗಾಗಿ ನನ್ನ ಶೂಟಿಂಗ್ ಶೆಡ್ಯೂಲ್ ಅಂದರೆ ಅಡುಗೆಮನೆ ಗೋಡೆಯ ಕ್ಯಾಲೆಂಡರ್. ತಿಥಿ ನೋಡಿ ಗುರುತು ಹಾಕುವುದು, ಆ ದಿನ ಮದುವೆ ಆರ್ಡರ್ ಇದ್ದರೆ ಹಣೆಬರಹ.

ಚಿತ್ರದ ಇನ್ನೊಂದು ಅರ್ಧ ಗಜನಿ ಗದ್ದೆ. ಉಪ್ಪುನೀರು ನುಗ್ಗುವ ಈ ತಗ್ಗು ಭೂಮಿಯಲ್ಲಿ ಉಪ್ಪು ತಾಳುವ ಕಗ್ಗ ಭತ್ತ ಬೆಳೆಯುತ್ತಾರೆ, ಮಾಣಿಕಟ್ಟ ಕಡೆ ಈಗಲೂ ಇದೆ. ಮಳೆ ಬಿದ್ದು ಮಣ್ಣಿನ ಉಪ್ಪು ತೊಳೆದ ಮೇಲೆ ಬಿತ್ತನೆ, ಮಳೆ ಮುಗಿದ ಮೇಲೆ ಕೊಯ್ಲು, ಆಮೇಲೆ ಅದೇ ಗದ್ದೆಗೆ ನೀರು ಬಿಟ್ಟು ಮೀನು, ಸಿಗಡಿ. ಇದು ವರ್ಷಕ್ಕೆ ಒಂದೇ ಸಲ ನಡೆಯುವುದು. ಬಿತ್ತನೆ ತಪ್ಪಿದರೆ ಮುಂದಿನ ವರ್ಷವೇ. ಚಿತ್ರಕ್ಕೆ ಕಥೆ ಎಲ್ಲಿಂದ ತರುವುದು ಅಂತ ತಲೆ ಕೆಡಿಸಿಕೊಂಡಿದ್ದೆ. ಕೊನೆಗೆ ನೀರು ಬರುವುದು ಹೋಗುವುದೇ ಸಾಲು ಹಾಕಿಕೊಟ್ಟಿತು. 2024ರಲ್ಲಿ ಅಘನಾಶಿನಿ ಅಳಿವೆಗೆ ರಾಮ್ಸರ್ ಪಟ್ಟ, ಅಂದರೆ ಅಂತರರಾಷ್ಟ್ರೀಯ ಮಹತ್ವದ ಜೌಗು ಪ್ರದೇಶ ಎಂಬ ಮಾನ್ಯತೆ, ಸಿಕ್ಕಿತು. ನಾನು ಅದನ್ನು ಒಂದು ಸಾಲಿನ ಬರಹದಲ್ಲಿ ಮುಗಿಸಿದ್ದೇನೆ. ನಕ್ಷೆ, ದಪ್ಪ ದನಿಯ ವಿವರಣೆ ನನಗೆ ಆಗುವುದಿಲ್ಲ. ಹಿಂದೆ ಟಾಕೀಸಿನಲ್ಲಿ ಸಿನಿಮಾಕ್ಕೆ ಮೊದಲು ಸರ್ಕಾರದ ಫಿಲ್ಮ್ಸ್ ಡಿವಿಷನ್ನಿನ ಸಾಕ್ಷ್ಯಚಿತ್ರದ ರೀಲು ಹಾಕುತ್ತಿದ್ದರಲ್ಲ, ಜನ ಆ ಹೊತ್ತಿಗೆ ಹೊರಗೆ ಕಡ್ಲೆ ತಿನ್ನುತ್ತಿದ್ದರು.

ಈಗ ದುಡ್ಡಿನ ವಿಷಯ. ನಿಮ್ಮ ಹತ್ತಿರ ಇರುವಷ್ಟನ್ನು ಮೊದಲು ಸೌಂಡಿಗೆ ಹಾಕಿ. ಚಿತ್ರ ಸ್ವಲ್ಪ ಮಸುಕಾದರೂ ಜನ ನೋಡುತ್ತಾರೆ, ಮಾತು ಕೇಳಿಸದಿದ್ದರೆ ಎದ್ದು ಹೋಗುತ್ತಾರೆ. ಕ್ಯಾಮೆರಾದ ಸ್ವಂತ ಮೈಕಿಗೆ ಕಡಲ ಗಾಳಿ ತಾಗಿದರೆ ಬರೀ ಗೊರಗೊರ. ಎದುರಿನ ಸದ್ದನ್ನು ಮಾತ್ರ ಹಿಡಿಯುವ ಉದ್ದನೆಯ ಶಾಟ್‌ಗನ್ ಮೈಕ್ ಒಂದು, ಗಾಳಿ ತಡೆಯಲು ಅದಕ್ಕೆ ರೋಮದ ಕವರ್, ಒಂದು ಬೇರೆ ರೆಕಾರ್ಡರ್, ಕಿವಿ ಮುಚ್ಚುವ ಹೆಡ್‌ಫೋನ್. ಹೆಡ್‌ಫೋನ್ ಇಲ್ಲದೆ ರೆಕಾರ್ಡ್ ಮಾಡುವುದು ಅಂದರೆ ಕಣ್ಣು ಕಟ್ಟಿಕೊಂಡು ಫೋಟೋ ತೆಗೆದ ಹಾಗೆ. ನೀರಿನಲ್ಲಿ ನಿಂತವರ ಸೀರೆಗೆ ಕಾಲರ್ ಮೈಕ್ ಸಿಕ್ಕಿಸಲು ಆಗುವುದಿಲ್ಲ ಅಲ್ವಾ, ನಾನು ಪಕ್ಕದ ಪಾತಿ ದೋಣಿಯಲ್ಲಿ ಮೈಕ್ ಹಿಡಿದು ಒಬ್ಬ ಹುಡುಗನನ್ನು ಕೂರಿಸಿದೆ. ಉಳಿದ ಮಾತು ದಡದಲ್ಲಿ ಬಳಚು ಆರಿಸುವಾಗ. ಕೈ ಕೆಲಸದಲ್ಲಿದ್ದರೆ ಮಾತು ತಾನಾಗಿ ಬರುತ್ತದೆ. ಕುರ್ಚಿ ಹಾಕಿ ಕೂರಿಸಿದರೆ ಎಲ್ಲರೂ ಭಾಷಣ ಮಾಡುತ್ತಾರೆ.

ರೆಕಾರ್ಡರ್ ಮೀಟರಿನಲ್ಲಿ ಮಾತಿನ ಲೆವೆಲ್ ಮೈನಸ್ 12 ಡೆಸಿಬಲ್ ಹತ್ತಿರ ಇಡಿ. ಆಟದ ರಾತ್ರಿ ರೆಕಾರ್ಡ್ ಮಾಡುವುದಾದರೆ ಇನ್ನೂ ಕಡಿಮೆ, ಚಂಡೆ ಒಂದು ಪೆಟ್ಟಿಗೆ ಎಲ್ಲ ಒಡೆದು ಹಾಕುತ್ತದೆ. ಒಡೆದ ಸೌಂಡನ್ನು ಯಾವ ಸಾಫ್ಟ್‌ವೇರೂ ಪೂರ್ತಿ ಸರಿ ಮಾಡುವುದಿಲ್ಲ. ಎಲ್ಲಿ ಶೂಟ್ ಮಾಡಿದರೂ ಹೊರಡುವ ಮೊದಲು ಯಾರೂ ಮಾತಾಡದೆ ಒಂದು ನಿಮಿಷ ಸುಮ್ನೆ ಆ ಜಾಗದ ಸದ್ದು ಹಿಡಿದುಕೊಳ್ಳಿ, ಎಡಿಟಿಂಗ್‌ನಲ್ಲಿ ತುಂಡು ಜೋಡಿಸುವಾಗ ಅದೇ ಕಾಪಾಡುವುದು. ಪ್ರಶ್ನೆ ಕೇಳುವಾಗ ಹೌದು-ಇಲ್ಲ ಅನ್ನುವ ಉತ್ತರ ಬರುವ ಹಾಗೆ ಕೇಳಬೇಡಿ. ಅವರು ಹೇಳಿ ಮುಗಿಸಿದ ಮೇಲೂ ಸ್ವಲ್ಪ ಬಾಯಿ ಮುಚ್ಚಿಕೊಂಡಿರಿ, ಹ್ಞೂಂ ಹ್ಞೂಂ ಅನ್ನುವುದೂ ಬೇಡ. ಫೋಟೋ ತೆಗೆಯುವಾಗ "ಇಲ್ಲಿ ನೋಡಿ, ಸ್ವಲ್ಪ ನಗಿ" ಅಂತ ಬಾಯಿ ಹಾಕಿ ಹಾಕಿ ನಮಗೆ ಸುಮ್ಮನಿರುವುದೇ ಮರೆತಿರುತ್ತದೆ.

ಒಪ್ಪಿಗೆ ಕಾಗದದ ಬಗ್ಗೆ ಎಲ್ಲರೂ ಹೇಳುತ್ತಾರೆ, ಸಹಿ ಮಾಡಿಸಿಕೊಳ್ಳಿ, ಸರಿ. ಅದಕ್ಕಿಂತ ಜಾಸ್ತಿ ಕೆಲಸಕ್ಕೆ ಬರುವುದು ಎಡಿಟ್ ಆದದ್ದನ್ನು ಅವರಿಗೇ ಮೊದಲು ತೋರಿಸುವುದು. ಒಬ್ಬರು ವ್ಯಾಪಾರಿ ಕೊಡುವ ರೇಟಿನ ಬಗ್ಗೆ ಹೇಳಿದ ಮಾತು ತೆಗೆಯಲು ಹೇಳಿದರು. ತೆಗೆದೆ. ನಾಳೆ ಅದೇ ವ್ಯಾಪಾರಿಗೆ ಮಾರಬೇಕಾದವರು ಅವರು, ನಾನಲ್ಲ. ಡ್ರೋನ್ ವಿಷಯ ಚುಟುಕಾಗಿ: ಕಾರವಾರ ಕಡೆ ನೌಕಾನೆಲೆ ಇದೆ, ಕೈಗಾ ಅಣು ವಿದ್ಯುತ್ ಸ್ಥಾವರ ಇದೆ, ನಕ್ಷೆ ನೋಡದೆ ಹಾರಿಸಲು ಹೋಗಬೇಡಿ. ನಾನು ಎರವಲು ತಂದು ಬಳಸಿದ ಒಂದೆರಡು ಶಾಟ್ ಕೂಡ ಕೊನೆಗೆ ಚಿತ್ರದಲ್ಲಿ ಉಳಿಯಲಿಲ್ಲ. ಮೇಲಿಂದ ಎಲ್ಲ ಅಳಿವೆಯೂ ಒಂದೇ ಥರ ಚಂದ ಕಾಣುತ್ತದೆ.

ಎಡಿಟಿಂಗ್ ಮಳೆಗಾಲದ ಕೆಲಸ. ಆಷಾಢದಲ್ಲಿ ಮದುವೆ ಇಲ್ಲ, ಹೊರಗೆ ಹೋಗುವ ಹಾಗಿಲ್ಲ. ಡಾವಿಂಚಿ ರಿಸಾಲ್ವ್ ಎಂಬ ಎಡಿಟಿಂಗ್ ಸಾಫ್ಟ್‌ವೇರಿನ ಉಚಿತ ಆವೃತ್ತಿಯಲ್ಲೇ ಇಡೀ ಚಿತ್ರ ಆಯಿತು. ಹಳೆ ಕಂಪ್ಯೂಟರ್ ಆದ್ದರಿಂದ ಪ್ರಾಕ್ಸಿ ಫೈಲ್ (ಎಡಿಟಿಂಗಿಗೆ ಹಗುರವಾದ ನಕಲು) ಮಾಡಿಕೊಂಡು ಕೂತೆ. ಮೊದಲು ಎಲ್ಲ ಮಾತನ್ನೂ ಕಾಗದದ ಮೇಲೆ ಬರೆದು, ಕತ್ತರಿಸಿ, ನೆಲದ ಮೇಲೆ ಸಾಲಾಗಿ ಇಟ್ಟು ನೋಡಿದೆ. ಕಂಪ್ಯೂಟರ್ ಮುಂದೆ ಹೋಗುವ ಮೊದಲೇ ಅರ್ಧ ಜಗಳ ಅಲ್ಲೇ ಮುಗಿಯುತ್ತದೆ. ಫುಟೇಜ್ ಎರಡು ಹಾರ್ಡ್ ಡಿಸ್ಕ್‌ನಲ್ಲಿ, ಒಂದು ಘಟ್ಟದ ಮೇಲೆ ಶಿರಸಿಯ ಅಕ್ಕನ ಮನೆಯಲ್ಲಿ. ಲೆನ್ಸಿಗೆ ಸಿಲಿಕಾ ಜೆಲ್ ಹಾಕಿದ ಗಾಳಿಯಾಡದ ಡಬ್ಬಿ. ಈ ಕರಾವಳಿಯಲ್ಲಿ ಲೆನ್ಸ್ ಬ್ಯಾಗಿನಲ್ಲೇ ಬಿಟ್ಟರೆ ಒಂದು ಮಳೆಗಾಲಕ್ಕೆ ಬೂಸ್ಟು ಗ್ಯಾರಂಟಿ.

ಸಂಪಾದನೆ ಕೇಳಿದರೆ, ಮನೆ ನಡೆಯುವುದು ಈಗಲೂ ಮದುವೆಯಿಂದ. ಸಾಕ್ಷ್ಯಚಿತ್ರ ತೋರಿಸಲು ಮುಂಬೈಯಲ್ಲಿ 1990ರಿಂದ ನಡೆಯುವ ಮಿಫ್ ಚಿತ್ರೋತ್ಸವ ಇದೆ, ತಿರುವನಂತಪುರದಲ್ಲಿ ಪ್ರತ್ಯೇಕ ಉತ್ಸವ ಇದೆ. ಅಲ್ಲಿಂದ ಬರುವುದು ಪರಿಚಯ. ಆ ಪರಿಚಯದಿಂದ ಸಂಘ ಸಂಸ್ಥೆಗಳ ಸಣ್ಣ ಚಿತ್ರಗಳ ಕೆಲಸ ಸಿಗುತ್ತದೆ, ಅದಕ್ಕೆ ಕೈಗೆ ಬರುವ ದುಡ್ಡು ಇದೆ, ಅದರಲ್ಲಿ ನನ್ನ ಮುಂದಿನ ಚಿತ್ರದ ಪೆಟ್ರೋಲು. ಒಂದು ವಿಷಯದಲ್ಲಿ ಮಾತ್ರ ನಮ್ಮಂಥ ಫೋಟೋದವರು ಮುಂದೆ. ಉತ್ಸವಕ್ಕೆ ಚಿತ್ರ ಕಳಿಸುವಾಗ ಒಳ್ಳೆಯ ಸ್ಟಿಲ್ ಕೇಳುತ್ತಾರೆ. ಬೇರೆಯವರು ವಿಡಿಯೋದಿಂದ ಫ್ರೇಮ್ ಕಿತ್ತು ಕಳಿಸುತ್ತಾರೆ, ಅದು ಮಸುಕು. ನಾನು ಪ್ರತಿ ದೃಶ್ಯ ಮುಗಿದ ಮೇಲೆ ಶಟರ್ 1/1000ಕ್ಕೆ ತಿರುಗಿಸಿ ನಾಲ್ಕು ಫೋಟೋ ಹೊಡೆದೇ ಹೊರಡುವುದು. ಪೋಸ್ಟರಿಗೂ ಅವೇ, ಪತ್ರಿಕೆಗೂ ಅವೇ.