ಕುಳಿ ಹುಡುಕಲು ಹೋಗಿ ಗೆರೆ ಎಣಿಸಿದ್ದು

ಉಪಗ್ರಹ ಚಿತ್ರದಲ್ಲಿ ಆ ಜಾಗ ಕಂಡ ರಾತ್ರಿ ನನಗೆ ನಿದ್ದೆ ಬರಲಿಲ್ಲ. ಸುತ್ತ ಬಳೆಯ ಹಾಗೆ ಗುಡ್ಡಗಳು, ಒಳಗೆ ತಗ್ಗು, ತಗ್ಗಿನ ನಟ್ಟನಡುವೆ ಒಂದು ದಿಬ್ಬ. ಅಡ್ಡಳತೆ ಸುಮಾರು 5 ಕಿಲೋಮೀಟರ್. ಇಡೀ ಭೂಮಿಯ ಮೇಲೆ ಖಚಿತವಾಗಿ ಗುರುತಿಸಿದ ಉಲ್ಕಾಕುಳಿಗಳು ಇರುವುದೇ ಸುಮಾರು 200. ಇದು ಇನ್ನೊಂದಾದರೆ? ಬೆಳಗಾಗುವಷ್ಟರಲ್ಲಿ ಅದಕ್ಕೆ ಹೆಸರೂ ಇಟ್ಟಾಗಿತ್ತು. ಆ ಹೆಸರನ್ನು ಇಲ್ಲಿ ಬರೆಯಲು ನಾಚಿಕೆ.

ನನ್ನ ಗೈಡ್ ಆಗಿದ್ದ ಮೇಡಂಗೆ ಚಿತ್ರ ತೋರಿಸಿದೆ. ಅವರು ಕನ್ನಡಕ ಮೇಲೆತ್ತಿ ನೋಡಿದರು. "ದುಂಡಗಿದೆ, ಸರಿ. ಆಮೇಲೆ?" ಎಂದರು. ನನ್ನ ಹತ್ತಿರ "ಆಮೇಲೆ" ಇರಲಿಲ್ಲ.

ದುಂಡಗಿದ್ದದ್ದೆಲ್ಲ ಕುಳಿಯಲ್ಲ. ಜ್ವಾಲಾಮುಖಿ ಕುಸಿದರೂ ದುಂಡು, ಸುಣ್ಣದಕಲ್ಲು ಕರಗಿ ನೆಲ ಕುಸಿದರೂ ದುಂಡು, ಉಬ್ಬಿದ ಪದರಗಳು ಸವೆದರೂ ದುಂಡು. ಮಾರಿಟೇನಿಯಾದ ರಿಶಾತ್ ಎಂಬ ಜಾಗ ಆಕಾಶದಿಂದ ದೊಡ್ಡ ಕಣ್ಣಿನ ಹಾಗೆ ಕಾಣುತ್ತದೆ, ಸುಮಾರು 40 ಕಿಲೋಮೀಟರ್ ಅಗಲ. 1960ರ ದಶಕದಲ್ಲಿ ಅಲ್ಲಿ ಕೋಸೈಟ್ ಸಿಕ್ಕಿತು ಎಂದರು. ಕೋಸೈಟ್ ಅಂದರೆ ವಿಪರೀತ ಒತ್ತಡದಲ್ಲಿ ಮಾತ್ರ ಹುಟ್ಟುವ ಖನಿಜ. ಮತ್ತೆ ಪರೀಕ್ಷಿಸಿದರೆ ಅದು ಬರೀ ಬ್ಯಾರೈಟ್ ಎಂಬ ಸಾಮಾನ್ಯ ಖನಿಜ! ಅಲ್ಲಿಗೆ ಉಲ್ಕೆಯೇನೂ ಬಿದ್ದಿರಲಿಲ್ಲ.

ಉಲ್ಟಾ ತಪ್ಪೂ ಆಗಿದೆ. ಅಮೆರಿಕದ ಅರಿಜೋನಾದ ಕುಳಿಯನ್ನು 1891ರಲ್ಲಿ ಗಿಲ್ಬರ್ಟ್ ಎಂಬ ದೊಡ್ಡ ಭೂವಿಜ್ಞಾನಿ ಪರೀಕ್ಷಿಸಿ, ಇದು ನೆಲದೊಳಗಿನ ಆವಿ ಸಿಡಿದು ಆದದ್ದು ಎಂದುಬಿಟ್ಟರು. ಸುತ್ತಮುತ್ತ ಕಬ್ಬಿಣದ ಉಲ್ಕಾತುಂಡುಗಳು ಬಿದ್ದಿದ್ದವು, ಆದರೂ! ಆಮೇಲೆ ಬ್ಯಾರಿಂಜರ್ ಎಂಬವರು ಬಂದರು. ಇದು ಉಲ್ಕೆಯದೇ ಕುಳಿ, ಕೆಳಗೆ ಕಬ್ಬಿಣದ ರಾಶಿ ಹೂತಿದೆ ಎಂದು ನಂಬಿ ಎರಡು ದಶಕಕ್ಕೂ ಹೆಚ್ಚು ಕಾಲ ಕೊರೆಸಿದರು. ಕುಳಿಯ ಮಟ್ಟಿಗೆ ಅವರ ಮಾತು ಸರಿಯಿತ್ತು. ಕಬ್ಬಿಣ ಮಾತ್ರ ಸಿಗಲಿಲ್ಲ. ಅಷ್ಟು ವೇಗದಲ್ಲಿ ಬಡಿದ ಉಲ್ಕೆಯ ಬಹುಪಾಲು ಕರಗಿ, ಆವಿಯಾಗಿ, ಚೂರಾಗಿ ಚದುರಿಹೋಗುತ್ತದೆ. 1960ರಲ್ಲಿ ಚಾವ್, ಶೂಮೇಕರ್ ಮತ್ತು ಮ್ಯಾಡ್ಸನ್ ಅದೇ ಕುಳಿಯ ಮರಳುಗಲ್ಲಿನಲ್ಲಿ ಕೋಸೈಟ್ ಕಂಡುಹಿಡಿದ ಮೇಲೆಯೇ ವಾದ ನಿಂತದ್ದು. ಬಿದ್ದ ಕಲ್ಲನ್ನಲ್ಲ, ಏಟು ತಿಂದ ಕಲ್ಲನ್ನು ನೋಡಬೇಕು ಎಂದು ಮೇಡಂ ನನಗೆ ನೂರು ಸಲ ಹೇಳಿರಬೇಕು.

ಹಾಗಾಗಿ ನನ್ನ ಕೆಲಸ ಬೆಣಚುಕಲ್ಲಿನ ಹರಳು ನೋಡುವುದು, ಅಂದರೆ ಕ್ವಾರ್ಟ್ಜ್. ಅದು ಬಹುತೇಕ ಎಲ್ಲ ಕಡೆ ಸಿಗುತ್ತದೆ, ಬೇಗ ಹಾಳಾಗುವುದಿಲ್ಲ, ಏಟು ಬಿದ್ದರೆ ಗುರುತು ಉಳಿಸಿಕೊಳ್ಳುತ್ತದೆ. ಉಲ್ಕೆ ಬಡಿದಾಗ ಹೊರಡುವ ಆಘಾತದ ಅಲೆ ಹರಳಿನೊಳಗೆ ನೇರ, ಅತಿ ತೆಳು, ಒಂದಕ್ಕೊಂದು ಸಮಾನಾಂತರವಾದ ಹಾಳೆಗಳನ್ನು ಮೂಡಿಸುತ್ತದೆ. ಪ್ಲೇನಾರ್ ಡಿಫಾರ್ಮೇಶನ್ ಫೀಚರ್ಸ್ ಎಂದು ಹೆಸರು. ಲ್ಯಾಬಿನಲ್ಲಿ ಎಲ್ಲರೂ ಪಿಡಿಎಫ್ ಅನ್ನುತ್ತಾರೆ. (ಮನೆಯಲ್ಲಿ "ಇವತ್ತು ಮೂರು ಪಿಡಿಎಫ್ ಸಿಕ್ತು" ಎಂದರೆ ಯಾರಿಗೂ ಏನೂ ಅನ್ನಿಸುವುದಿಲ್ಲ.) ಇವು ಮೂಡಲು ಸುಮಾರು 10 ಗಿಗಾಪ್ಯಾಸ್ಕಲ್ ಒತ್ತಡ ಬೇಕು. ನಮ್ಮ ಸುತ್ತಲಿನ ಗಾಳಿಯ ಒತ್ತಡದ ಒಂದು ಲಕ್ಷ ಪಟ್ಟು. ಜ್ವಾಲಾಮುಖಿ ಎಷ್ಟೇ ಸಿಡಿದರೂ ಅಲ್ಲಿಗೆ ಮುಟ್ಟುವುದಿಲ್ಲ.

ನನ್ನ ಜಾಗದಲ್ಲಿ ಇದ್ದದ್ದು ಕ್ವಾರ್ಟ್ಜೈಟ್, ಅಂದರೆ ಬಹುತೇಕ ಬರೀ ಬೆಣಚು. ಆ ಮಟ್ಟಿಗೆ ಅದೃಷ್ಟ. ಮಹಾರಾಷ್ಟ್ರದ ಲೋನಾರ್ ಉಲ್ಕಾಕುಳಿ ಇರುವುದು ಬಸಾಲ್ಟ್ ಕಲ್ಲಿನಲ್ಲಿ, ಅದರಲ್ಲಿ ಬೆಣಚು ಇಲ್ಲವೆನ್ನುವಷ್ಟು ಕಡಿಮೆ, ಹಾಗಾಗಿ ಅಲ್ಲಿ ಈ ಆಟ ನಡೆಯುವುದಿಲ್ಲ. ಅಲ್ಲಿ ಫೆಲ್ಡ್‌ಸ್ಪಾರ್ ಹರಳು ಕರಗದೆಯೇ ಗಾಜಿನಂತಾದದ್ದನ್ನು, ಅಂದರೆ ಮಾಸ್ಕೆಲಿನೈಟನ್ನು, ಸಾಕ್ಷಿಯಾಗಿ ಹಿಡಿಯಬೇಕಾಯಿತು.

ಜಾಗಕ್ಕೆ ಹೋಗಿ 9 ದಿನ ಅಲೆದೆವು. ಮೊದಲು ಹುಡುಕಿದ್ದು ಶ್ಯಾಟರ್ ಕೋನ್. ಬರಿಗಣ್ಣಿಗೆ ಕಾಣುವ ಒಂದೇ ಖಚಿತ ಗುರುತು ಅದು. ಕಲ್ಲಿನ ಮೇಲೆ ಕುದುರೆಯ ಬಾಲದ ಹಾಗೆ, ಒಂದು ತುದಿಯಿಂದ ಹೊರಟು ಕವಲೊಡೆಯುತ್ತ ಹರಡುವ ಗೀರುಗಳು. ಇಷ್ಟು ದೊಡ್ಡ ಕುಳಿಯಾಗಿದ್ದರೆ ನೆಲ ಪುಟಿದು ನಡುವೆ ದಿಬ್ಬ ಎದ್ದಿರುತ್ತದೆ. ಶ್ಯಾಟರ್ ಕೋನ್ ಇದ್ದರೆ ಅಲ್ಲೇ ಇರಬೇಕು. ನಾಲ್ಕನೇ ದಿನ ದಿಬ್ಬದ ಪಕ್ಕದಲ್ಲಿ ಗೀರು ತುಂಬಿದ ಒಂದು ಕಲ್ಲು ಸಿಕ್ಕಿತು. ನಾನು ಕೂಗಿಕೊಂಡೆ. ಮೇಡಂ ನಿಧಾನವಾಗಿ ಇಳಿದು ಬಂದು, ಗೀರುಗಳ ಮೇಲೆ ಹೆಬ್ಬೆರಳು ಎಳೆದರು. "ಕವಲು ಎಲ್ಲಿದೆ, ತೋರಿಸು." ಕವಲು ಇರಲಿಲ್ಲ. ಬಾಚಣಿಗೆ ಎಳೆದ ಹಾಗೆ ಎಲ್ಲ ಒಂದೇ ದಿಕ್ಕಿಗೆ. ಬಿರುಕಿನಲ್ಲಿ ಎರಡು ಕಲ್ಲು ಒಂದನ್ನೊಂದು ಉಜ್ಜಿಕೊಂಡು ಸರಿದ ಗುರುತು ಅಷ್ಟೇ.

ಆದರೂ ಎರಡು ಮೂಟೆ ಕಲ್ಲು ತಂದೆವು. ಪ್ರತಿ ತುಂಡಿಗೂ ನಂಬರ್, ಜಾಗದ ಗುರುತು, ಪದರ ಎತ್ತ ವಾಲಿದೆ ಎಂಬ ಟಿಪ್ಪಣಿ.

ಇನ್ನು ಥಿನ್ ಸೆಕ್ಷನ್. ಕಲ್ಲನ್ನು ವಜ್ರದ ಬ್ಲೇಡಿನಲ್ಲಿ ಕೊಯ್ದು, ಒಂದು ಮುಖ ನಯ ಮಾಡಿ, ಗಾಜಿನ ಪಟ್ಟಿಗೆ ಎಪಾಕ್ಸಿಯಲ್ಲಿ ಅಂಟಿಸಿ, ಇನ್ನೊಂದು ಬದಿಯಿಂದ ಕಾರ್ಬೊರಂಡಮ್ ಪುಡಿಯಲ್ಲಿ ಉಜ್ಜುತ್ತ ಉಜ್ಜುತ್ತ 0.03 ಮಿಲಿಮೀಟರಿಗೆ ತರಬೇಕು. ಅಷ್ಟು ತೆಳುವಾದರೆ ಕಲ್ಲಿನ ಮೂಲಕ ಬೆಳಕು ಹಾಯುತ್ತದೆ. ದಪ್ಪ ಗೊತ್ತಾಗುವುದು ಬಣ್ಣದಿಂದ. ಮೈಕ್ರೋಸ್ಕೋಪಿನಲ್ಲಿ ಬೆಳಕನ್ನು ಒಂದೇ ದಿಕ್ಕಿನಲ್ಲಿ ಕಂಪಿಸುವಂತೆ ಸೋಸುವ ಪೋಲರೈಸರ್ ಎರಡನ್ನೂ ಅಡ್ಡಡ್ಡ ಹಾಕಿ ನೋಡಿದಾಗ ಬೆಣಚು ಹಳದಿಯಾಗಿದ್ದರೆ ಇನ್ನೂ ದಪ್ಪ, ಬೂದು ಬಿಳುಪಿಗೆ ಬಂದರೆ ಸಾಕು. ಹಳದಿ ಹೋಗಲಿ ಎಂದು ಇನ್ನೊಂದು ಸುತ್ತು, ಇನ್ನೊಂದೇ ಸುತ್ತು ಉಜ್ಜುತ್ತೀರಿ. ಎತ್ತಿ ನೋಡಿದರೆ ಕಲ್ಲೇ ಇಲ್ಲ, ಬರೀ ಗಾಜು. ನನ್ನ ಮೊದಲ ಆರರಲ್ಲಿ ನಾಲ್ಕು ಹೀಗೇ ಹೋದವು. ಉಗುರಿನ ಸಂದಿಯ ಪುಡಿ ವಾರವಾದರೂ ಬಿಡುತ್ತಿರಲಿಲ್ಲ.

17ನೇ ಸ್ಲೈಡಿನಲ್ಲಿ ಗೆರೆಗಳು ಕಂಡವು. ಒಂದು ಹರಳಿನೊಳಗೆ ಹತ್ತಾರು, ಸಾಲಾಗಿ. ಪಕ್ಕದ ಹರಳಿನಲ್ಲೂ! ಎದೆ ಡವಡವ. ಫೋಟೋ ತೆಗೆದು ಎಲ್ಲರಿಗೂ ತೋರಿಸಿದೆ. ಲ್ಯಾಬಿನಲ್ಲಿ ಒಬ್ಬರು ಅಭಿನಂದನೆಯನ್ನೂ ಹೇಳಿಬಿಟ್ಟರು. ಮುಂದಿನ ಮೂರು ತಿಂಗಳು ನಾನು ಬದುಕಿದ್ದು ಆ ಸ್ಲೈಡಿನ ಮೇಲೆಯೇ.

ಮೇಡಂ ಬೇಡ ಅನ್ನಲಿಲ್ಲ, ಹೌದು ಅಂತಲೂ ಅನ್ನಲಿಲ್ಲ. "ಯೂನಿವರ್ಸಲ್ ಸ್ಟೇಜ್ ಹಾಕಿ ಅಳೆ" ಎಂದರು.

ಆ ಉಪಕರಣದ ಬಗ್ಗೆ ಸ್ವಲ್ಪ ಜಾಸ್ತಿಯೇ ಹೇಳಬೇಕು, ಏಕೆಂದರೆ ಅದರ ಮೇಲೆ ಬಗ್ಗಿ ಬಗ್ಗಿ ನನ್ನ ಕುತ್ತಿಗೆ ಇನ್ನೂ ನೋಯುತ್ತದೆ. ಮೈಕ್ರೋಸ್ಕೋಪಿನಲ್ಲಿ ಕಾಣುವುದು ಗೆರೆ, ನಿಜಕ್ಕೂ ಅದು ಹಾಳೆ. ಪುಸ್ತಕವನ್ನು ಬದಿಯಿಂದ ನೋಡಿದರೆ ಪುಟಗಳು ಗೆರೆಯಾಗಿ ಕಾಣುತ್ತವಲ್ಲ, ಹಾಗೆ. ಆ ಹಾಳೆ ಹರಳಿನೊಳಗೆ ಯಾವ ಕೋನದಲ್ಲಿ ನಿಂತಿದೆ ಎಂದು ತಿಳಿಯಲು ಸ್ಲೈಡನ್ನು ಎಲ್ಲ ದಿಕ್ಕಿಗೂ ವಾಲಿಸಬೇಕು. ಅದಕ್ಕೇ ಈ ಸ್ಟೇಜ್. ಒಂದರೊಳಗೊಂದು ತಿರುಗುವ ಲೋಹದ ಬಳೆಗಳು, ನಡುವೆ ಎರಡು ಅರ್ಧಗೋಳದ ಗಾಜು, ಅವುಗಳ ಮಧ್ಯೆ ಒಂದೆರಡು ಹನಿ ಗ್ಲಿಸರಿನ್ ಹಾಕಿ ಸ್ಲೈಡ್. ಗಾಳಿಗುಳ್ಳೆ ಸಿಕ್ಕಿಕೊಂಡರೆ ಬಿಚ್ಚಿ ಮತ್ತೆ ಶುರು. ಮೊದಲು ಹರಳಿನ ಮುಖ್ಯ ಅಕ್ಷ ಎತ್ತಲಿದೆ ಎಂದು ಹುಡುಕಿ, ಬಳೆಯ ಮೇಲಿನ ಅಂಕಿ ಬರೆದುಕೊಳ್ಳುವುದು. ಆಮೇಲೆ ಗೆರೆ ಮಸುಕು ಬಿಟ್ಟು ಕೂದಲೆಳೆಯಷ್ಟು ಚೂಪಾಗುವವರೆಗೆ ವಾಲಿಸಿ, ಮತ್ತೆ ಅಂಕಿ. ಎರಡನ್ನೂ ನಕ್ಷೆಯ ಹಾಳೆಯ ಮೇಲೆ ಗುರುತಿಸಿ ನಡುವಿನ ಕೋನ ಎಣಿಸುವುದು. ಒಂದು ಹರಳಿಗೆ ನನಗೆ 20 ನಿಮಿಷ ಬೇಕಿತ್ತು.

ನಿಜವಾದ ಪಿಡಿಎಫ್ ಸುಮ್ನೆ ಎಲ್ಲೆಂದರಲ್ಲಿ ಮೂಡುವುದಿಲ್ಲ. ಹರಳಿನ ಕೆಲವು ನಿಗದಿತ ತಲಗಳಲ್ಲೇ ಮೂಡುತ್ತದೆ. ಹಾಳೆಗೆ ಲಂಬವಾದ ರೇಖೆಗೂ ಮುಖ್ಯ ಅಕ್ಷಕ್ಕೂ ನಡುವಿನ ಕೋನ 0, ಸುಮಾರು 23, ಸುಮಾರು 32 ಡಿಗ್ರಿ, ಹೀಗೆ ಗುಂಪು ಕಟ್ಟುತ್ತದೆ. ನಾನು 60ಕ್ಕೂ ಹೆಚ್ಚು ಹರಳು ಅಳೆದೆ. ಕೆಲವು 23ರ ಆಸುಪಾಸಿಗೇ ಬಿದ್ದವು. ನಾನು ಅವಕ್ಕೆ ಮಾತ್ರ ಕೆಂಪು ಗುರುತು ಹಾಕಿದೆ. ಉಳಿದವನ್ನು ಅಳತೆಯ ತಪ್ಪು ಎಂದು ಪಕ್ಕಕ್ಕಿಟ್ಟೆ. ಈಗ ನೆನೆದರೆ ಮುಜುಗರವಾಗುವುದು ಇದಕ್ಕೇ. ಗೆರೆ ತಪ್ಪು ತಿಳಿದದ್ದಕ್ಕಲ್ಲ, ಬೇಡದ ಅಂಕಿಯನ್ನು ಬದಿಗೆ ಸರಿಸಿದ್ದಕ್ಕೆ.

ಮೇಡಂ ನಕ್ಷೆ ನೋಡಿ, ಬೀರುವಿನಿಂದ ಒಂದು ಸ್ಲೈಡ್ ತೆಗೆದುಕೊಟ್ಟರು. ಜರ್ಮನಿಯ ರೀಸ್ ಉಲ್ಕಾಕುಳಿಯ ಸುಯೆವೈಟ್, ಅಂದರೆ ಉಲ್ಕೆಯ ಏಟಿಗೆ ಒಡೆದು ಕರಗಿ ಬೆರೆತ ಕಲ್ಲು. 24 ಕಿಲೋಮೀಟರ್ ಅಗಲದ ಆ ಕುಳಿಯೊಳಗೆ ನೋರ್ಡ್ಲಿಂಗನ್ ಎಂಬ ಊರೇ ಇದೆ, ಅಲ್ಲಿನ ಚರ್ಚನ್ನೂ ಇದೇ ಕಲ್ಲಿನಲ್ಲಿ ಕಟ್ಟಿದ್ದಾರೆ.

ಕಣ್ಣಿಟ್ಟೆ. ಒಂದೇ ಹರಳಿನಲ್ಲಿ ಮೂರು ದಿಕ್ಕಿನ ಗೆರೆಗಳು ಒಂದನ್ನೊಂದು ಕತ್ತರಿಸಿ ಹೋಗಿದ್ದವು. ಅಡಿಪಟ್ಟಿ ಇಟ್ಟು ಎಳೆದಷ್ಟು ನೇರ. ಗೆರೆಯಿಂದ ಗೆರೆಗೆ ಮಿಲಿಮೀಟರಿನ ಸಾವಿರದ ಕೆಲವೇ ಭಾಗದಷ್ಟು ಅಂತರ. ಹರಳಿನ ಒಂದು ಅಂಚಿನಿಂದ ಇನ್ನೊಂದು ಅಂಚಿನವರೆಗೂ ಬಹುತೇಕ ಎಲ್ಲೂ ದಾರಿ ತಪ್ಪಿರಲಿಲ್ಲ.

"ಈಗ ನಿನ್ನದನ್ನು ಇಡು" ಎಂದರು.

ಇಟ್ಟೆ. ಅಲ್ಲಿಯವರೆಗೆ ನೇರವಾಗಿ ಕಂಡದ್ದು ಈಗ ಬಿಲ್ಲಿನಂತೆ ಬಾಗಿತ್ತು. ಗೆರೆ ದಪ್ಪ, ಅಂತರ ಜಾಸ್ತಿ, ಹೆಚ್ಚಿನ ಹರಳುಗಳಲ್ಲಿ ಒಂದೇ ಸಾಲು. ಸ್ಟೇಜ್ ತಿರುಗಿಸಿದರೆ ಹರಳು ಒಮ್ಮೆಗೇ ಕತ್ತಲಾಗದೆ ಅಲೆ ಅಲೆಯಾಗಿ ನೆರಳು ಸರಿಯುತ್ತಿತ್ತು.

"ಬಾಗಿದೆ ಅಲ್ವಾ, ನೋಡಮ್ಮ."

"ಹೌದು ಮೇಡಂ."

ಬೆಟ್ಟ ಏಳುವಾಗ ಕಲ್ಲು ಲಕ್ಷಾಂತರ ವರ್ಷ ನಿಧಾನವಾಗಿ ಹಿಂಡಿಸಿಕೊಂಡರೂ ಬೆಣಚಿನಲ್ಲಿ ಗೆರೆ ಬರುತ್ತದೆ. ನನ್ನವು ಅವೇ. ಪಕ್ಕಕ್ಕಿಟ್ಟಿದ್ದ ಅಂಕಿಗಳನ್ನೆಲ್ಲ ಸೇರಿಸಿ ನಕ್ಷೆ ಮತ್ತೆ ಹಾಕಿದೆ. ಗುಂಪು ಇರಲಿಲ್ಲ. ಒಂದು ಅಗಲವಾದ ದಿಬ್ಬದ ಹಾಗೆ ಹರಡಿಕೊಂಡಿತು, 23 ಅದರ ಹೊಟ್ಟೆಯೊಳಗೆ ಸುಮ್ನೆ ಸಿಕ್ಕಿಕೊಂಡಿತ್ತು. ಪದರಗಳ ವಾಲಿಕೆಯ ಟಿಪ್ಪಣಿ ತೆಗೆದು ನೋಡಿದರೆ ಅದೂ ಅದನ್ನೇ ಹೇಳುತ್ತಿತ್ತು: ಎಲ್ಲ ಪದರವೂ ನಡುವಿನಿಂದ ಹೊರಕ್ಕೆ ಸಮವಾಗಿ ಇಳಿಯುತ್ತದೆ, ಎಲ್ಲೂ ಮುರಿದು ಕಲಸಿದ ಕಲ್ಲಿಲ್ಲ. ಮೇಲಕ್ಕೆ ಉಬ್ಬಿ, ತಲೆ ಸವೆದುಹೋದ ಗುಮ್ಮಟ. ಆ ಟಿಪ್ಪಣಿಯನ್ನು ಮೊದಲನೇ ದಿನದಿಂದ ಬರೆದವಳು ನಾನೇ.

ವರದಿಯಲ್ಲಿ ಉಲ್ಕಾಕುಳಿ ಅಲ್ಲ ಎಂದು ಬರೆದೆ. ಅದು 11 ಪುಟ ಆಯಿತು. ಹೌದು ಎಂದಿದ್ದರೆ ಎಷ್ಟಾಗುತ್ತಿತ್ತೋ.

17ನೇ ಸ್ಲೈಡನ್ನು ಮೇಡಂ ತಮ್ಮ ಬೀರುವಿಗೆ ಸೇರಿಸಿಕೊಂಡರು. ಹೊಸಬರು ಬಂದಾಗ ಅದನ್ನೂ ರೀಸ್ ಸ್ಲೈಡನ್ನೂ ಹೆಸರು ಮುಚ್ಚಿ ಎದುರಿಗಿಟ್ಟು, ಯಾವುದು ಉಲ್ಕೆಯದು ಎಂದು ಕೇಳುತ್ತಾರೆ. ಹೋದ ಸಲ ಮೂವರು ಬಂದಿದ್ದರು. ಇಬ್ಬರು ನನ್ನದನ್ನೇ ಆರಿಸಿದರು.