ಕಣ್ಣು ಕಾಣದವರು ಒಬ್ಬರೇ ಮನೆ ಮಾಡುವಾಗ ಮೊದಲ ವಾರ ಏನೇನು ಮಾಡಬೇಕು

ಬಾಡಿಗೆ ಮನೆ ಸಿಕ್ಕಿತು, ಅಡ್ವಾನ್ಸ್ ಕೊಟ್ಟಾಯಿತು. ಅಮ್ಮ "ಒಂದು ವಾರ ಇದ್ದು ಎಲ್ಲ ಜೋಡಿಸಿ ಹೋಗ್ತೀನಿ" ಅಂದರೆ ಬೇಡ ಅನ್ನಿ. ಅವರು ಕೂತು ಕಾಫಿ ಕುಡಿಯಲಿ, ಜೋಡಿಸುವುದು ನೀವೇ. ನನಗೆ ಹುಟ್ಟಿದಾಗಿನಿಂದ ಕಣ್ಣು ಕಾಣುವುದಿಲ್ಲ. ಅಮ್ಮ ಜೋಡಿಸಿಟ್ಟ ಅಡುಗೆಮನೆಯಲ್ಲಿ ಮೊದಲ ದಿನವೇ ಸಾರಿಗೆ ಎರಡು ಚಮಚ ಸಕ್ಕರೆ ಹಾಕಿದೆ. ಇಟ್ಟ ಕೈಗೇ ಜಾಗ ನೆನಪಿರುವುದು.

ಡಬ್ಬಿಗಳಿಗೆ ರಬ್ಬರ್ ಬ್ಯಾಂಡ್ ಹಾಕಿ. ಉಪ್ಪಿಗೆ ಒಂದು, ಸಕ್ಕರೆಗೆ ಎರಡು, ಖಾರದ ಪುಡಿಗೆ ಮೂರು. ಬೇಳೆಗೆ ಬೇಕಿಲ್ಲ, ತೊಗರಿ ಯಾವುದು ಕಡಲೆ ಯಾವುದು ಅಂತ ಬೆರಳಿಗೇ ಗೊತ್ತು. ಹಾಲಿಗೆ ಸೀಟಿ ಹೊಡೆಯುವ ಮಿಲ್ಕ್ ಕುಕ್ಕರ್ ತಗೊಳ್ಳಿ. ಎರಡು ಪದರದ ಪಾತ್ರೆ, ಪದರದ ನಡುವೆ ನೀರು, ನೀರು ಕುದ್ದರೆ ಸೀಟಿ, ಹಾಲು ಉಕ್ಕಿ ಒಲೆಯೆಲ್ಲ ಆಗುವ ರಗಳೆಯೇ ಇಲ್ಲ. ಇಂಡಕ್ಷನ್ ಒಲೆ ಆದರೆ ಒತ್ತಿದಾಗ ಟಕ್ ಅನ್ನುವ ಬಟನ್ ಇರುವುದನ್ನೇ ಅಂಗಡಿಯಲ್ಲಿ ಮುಟ್ಟಿ ನೋಡಿ ಕೊಳ್ಳಿ, ನುಣ್ಣನೆಯ ಟಚ್ ಪ್ಯಾನೆಲ್ ನಮಗಲ್ಲ.

ನೋಟಿನ ವಿಷಯ ಮಾತ್ರ ಕೂತು ಕಲಿಯಬೇಕು. ಹೊಸ ನೋಟುಗಳಲ್ಲಿ 50ರಿಂದ 500ರವರೆಗೆ ಅಗಲ ಒಂದೇ, 66 ಮಿ.ಮೀ. ಉದ್ದ ಬೇರೆ: 100ರ ನೋಟು 142 ಮಿ.ಮೀ., 200ರದು 146, 500ರದು 150. ಅಂದರೆ 200ಕ್ಕೂ 500ಕ್ಕೂ ಬರೀ 4 ಮಿ.ಮೀ. ವ್ಯತ್ಯಾಸ! ತರಕಾರಿ ಗಾಡಿ ಮುಂದೆ ನಿಂತು ಇದನ್ನು ಅಳೆಯೋಕಾಗುತ್ತಾ? ಅಂಚಿನಲ್ಲಿ ಉಬ್ಬು ಗೆರೆಗಳಿವೆ, 100ಕ್ಕೆ ನಾಲ್ಕು, 500ಕ್ಕೆ ಐದು, ಆದರೆ ಸವೆದ ನೋಟಿನಲ್ಲಿ ಅವು ಕೈಗೆ ಹತ್ತುವುದೇ ಇಲ್ಲ. ಹಾಗಾಗಿ ಮನೆಯಲ್ಲೇ ವಿಂಗಡಿಸಿ ಹೊರಡಿ. ರಿಸರ್ವ್ ಬ್ಯಾಂಕ್ 2020ರಲ್ಲಿ ಬಿಟ್ಟ 'ಮಣಿ' ಆ್ಯಪ್ ಕ್ಯಾಮೆರಾದಲ್ಲಿ ನೋಡಿ ಎಷ್ಟರ ನೋಟು ಅಂತ ಹೇಳುತ್ತದೆ, ನೆಟ್ ಬೇಕಿಲ್ಲ. ನಾನು 100 ಮಡಚುವುದಿಲ್ಲ, 200 ಒಂದು ಮಡಿಕೆ, 500 ಎರಡು ಮಡಿಕೆ. ಅಂಗಡಿಯವರು ಕೊಟ್ಟ ಚಿಲ್ಲರೆ ಬೇರೆ ಜೇಬಿಗೆ, ಲೆಕ್ಕ ಮನೆಗೆ ಬಂದ ಮೇಲೆ. ಯುಪಿಐ ಬಳಸುವಾಗ, ಫೋನಿನ ಪರದೆಯಲ್ಲಿರುವುದನ್ನು ಗಟ್ಟಿಯಾಗಿ ಓದುವ ಟಾಕ್‌ಬ್ಯಾಕ್ ನಿಮ್ಮ ಬ್ಯಾಲೆನ್ಸನ್ನು ಬೀದಿಗೆಲ್ಲ ಓದಿ ಹೇಳದ ಹಾಗೆ ಇಯರ್‌ಫೋನ್ ಇರಲಿ. ಒಂದೇ ಕಿವಿಗೆ ಹಾಕಿ, ಇನ್ನೊಂದು ಕಿವಿ ರಸ್ತೆಗೆ ಬೇಕು.

ಬಿಳಿ ಕೋಲು ಹಿಡಿದು ಅಂಗಡಿ ದಾರಿಯನ್ನು ದಿನಾ ಒಂದೇ ಹೊತ್ತಿಗೆ ನಡೆಯಿರಿ. ಹಿಟ್ಟಿನ ಗಿರಣಿ ಸದ್ದು, ಬೇಕರಿ ವಾಸನೆ, ಇವೇ ನಮ್ಮ ಬೋರ್ಡು. ಭಾನುವಾರ ಗಿರಣಿ ಮುಚ್ಚಿದರೆ ದಾರಿ ತಪ್ಪುತ್ತದೆ, ಅದಕ್ಕೇ ಗುರುತು ಎರಡಾದರೂ ಇರಲಿ.

ಮನೆಗೆ ಬಂದವರಿಗೆ ಮುಲಾಜಿಲ್ಲದೆ ಹೇಳಿ: ಚಪ್ಪಲಿ ಬಾಗಿಲ ನಡುವೆ ಬಿಡಬಾರದು, ಎಳೆದ ಕುರ್ಚಿ ವಾಪಸ್ ತಳ್ಳಬೇಕು, ಬಾಗಿಲು ಅರ್ಧ ತೆರೆದಿರಬಾರದು, ಹಣೆಗೆ ಬಡಿಯುತ್ತದೆ. ಅಮ್ಮನಿಗೂ ಹೇಳಿ. ನಮ್ಮಮ್ಮ ಒಗ್ಗರಣೆ ಸೌಟನ್ನು ಎಲ್ಲೋ ಇಟ್ಟು ಊರಿಗೆ ಹೋಗಿ, ನಾನು ಫೋನ್ ಮಾಡಿ ಜಗಳ ಆಡಿದ ಮೇಲೆ, ಈಗ ಕೇಳಿಯೇ ಇಡುತ್ತಾರೆ.