ಒಂದೇ ತಾರೀಖು, ಹಲವು ಘಟನೆ: ನಿಮ್ಮೂರಿನ ‘ಈ ದಿನ’ ಪುಟ ಮಾಡುವುದು ಹೇಗೆ?

ಶಾಲೆಯ ನೋಟಿಸ್ ಬೋರ್ಡಿನಲ್ಲಿ, ಹಳ್ಳಿಯ ಗ್ರಂಥಾಲಯದ ಬಾಗಿಲ ಪಕ್ಕ ‘ಇತಿಹಾಸದಲ್ಲಿ ಈ ದಿನ’ ಅಂತ ನಾಲ್ಕು ಸಾಲು ಬರೆಯುವ ರೂಢಿ ಇದೆ. ಒಳ್ಳೆಯ ರೂಢಿ. ಆದರೆ ಆ ಸಾಲುಗಳು ಹೆಚ್ಚಾಗಿ ಮೊಬೈಲಿನಿಂದ ಇಳಿದವು. ಸಾಗರದಲ್ಲೂ ಅವೇ, ಸೋಲಾಪುರದಲ್ಲೂ ಅವೇ. ಏಪ್ರಿಲ್ 18 ಬಂದರೆ ಐನ್‌ಸ್ಟೈನ್ ತೀರಿಕೊಂಡ ದಿನ ಎಂದಿರುತ್ತದೆ. ನಿಜ, 1955ರಲ್ಲಿ. ಆದರೆ 1951ರಲ್ಲಿ ಅದೇ ತಾರೀಖಿಗೆ ಸಾಗರ ತಾಲ್ಲೂಕಿನ ಕಾಗೋಡಿನಲ್ಲಿ ಗೇಣಿ ರೈತರ ಸತ್ಯಾಗ್ರಹ ಶುರುವಾಯಿತು. ಶಿವಮೊಗ್ಗದ ಮಕ್ಕಳಿಗೆ ಇದು ಮೊದಲು ಗೊತ್ತಾಗಬೇಕು, ಅಲ್ವಾ?

ಈ ಬೇಸಿಗೆ ರಜೆಯಲ್ಲಿ ನಮ್ಮ ಜಿಲ್ಲೆಯದೇ ಒಂದು ದಿನದ ಪುಸ್ತಕ ಶುರುಮಾಡಿ. ನಾಲ್ಕೈದು ಮಕ್ಕಳು, ಒಬ್ಬ ಮೇಷ್ಟ್ರು ಅಥವಾ ಗ್ರಂಥಾಲಯದವರು ಇದ್ದರೆ ಸಾಕು.

ಮೊದಲು ಒಂದು ರಿಜಿಸ್ಟರ್

ದಪ್ಪ ರಿಜಿಸ್ಟರ್ ತಂದು ದಿನಕ್ಕೊಂದು ಪುಟದಂತೆ 366 ಪುಟಕ್ಕೆ ತಾರೀಖು ಹಾಕಿ. ಫೆಬ್ರುವರಿ 29 ಬಿಡಬೇಡಿ, ಮೊರಾರ್ಜಿ ದೇಸಾಯಿ ಹುಟ್ಟಿದ್ದು ಅಂದೇ, 1896ರಲ್ಲಿ. ಪ್ರತಿ ಪುಟವನ್ನು ಮೂರು ಪಟ್ಟಿ ಮಾಡಿ. ಎಡಕ್ಕೆ ನಮ್ಮ ಸುತ್ತಿನ ಘಟನೆ, ನಡುವೆ ಹೊರಗಿನದು. ಬಲಕ್ಕೆ ಕಿರಿದಾದ ಪಟ್ಟಿಯಲ್ಲಿ ಈ ಸಂಗತಿ ಎಲ್ಲಿ ಸಿಕ್ಕಿತು ಅನ್ನುವ ಗುರುತು: ಪುಸ್ತಕದ ಹೆಸರು, ಪುಟದ ಸಂಖ್ಯೆ. ಬಲಗಡೆ ಖಾಲಿ ಇದ್ದರೆ ಆ ಸಾಲು ಬೋರ್ಡಿಗೆ ಹೋಗಬಾರದು. ಈ ಒಂದು ನಿಯಮದಲ್ಲಿ ಸಡಿಲ ಬಿಡಬೇಡಿ.

ತುಂಬುವಾಗ ಎಡಗಡೆಯಿಂದಲೇ ಶುರುಮಾಡಿ. ಜಗತ್ತಿನ ಘಟನೆ ಯಾವ ತಾರೀಖಿಗೂ ಸಿಗುತ್ತದೆ, ಹುಡುಕಿ ತರಬೇಕಾದದ್ದು ನಮ್ಮದನ್ನು. 1975ರ ಜಿಲ್ಲಾ ಗ್ಯಾಸೆಟಿಯರ್, ಅಂದರೆ ಜಿಲ್ಲೆಯ ವಿವರಗಳ ಸರ್ಕಾರಿ ಪುಸ್ತಕ, ನೋಡಿ. ಗಾಂಧೀಜಿ 1927ರ ಆಗಸ್ಟ್‌ನಲ್ಲಿ ಶಿವಮೊಗ್ಗಕ್ಕೆ ಬಂದಿದ್ದರು. ನೂರು ಸಂಪುಟಗಳ ಅವರ ಸಮಗ್ರ ಬರಹ ತಾರೀಖಿನ ಪ್ರಕಾರವೇ ಜೋಡಿಸಿರುವುದರಿಂದ ಆ ದಿನಗಳನ್ನು ಮಕ್ಕಳೇ ಹುಡುಕಬಹುದು.

ಒಂದು ಪುಟ ತುಂಬಿ ನೋಡೋಣ

ಏಪ್ರಿಲ್ 18 ಅನ್ನೇ ತೆಗೆದುಕೊಳ್ಳಿ. ಎಡಗಡೆ: 1951, ಕಾಗೋಡು ಸತ್ಯಾಗ್ರಹ. ಗೇಣಿ ಭತ್ತ ಅಳೆಯುವ ಕೊಳಗ ಎಷ್ಟು ದೊಡ್ಡದಿರಬೇಕು ಅನ್ನುವುದೇ ಜಗಳದ ಒಂದು ಮೂಲ. ಕೊಳಗ ದೊಡ್ಡದಾದಷ್ಟೂ ಒಡೆಯರ ಕಣಜಕ್ಕೆ ಜಾಸ್ತಿ, ಉಳುವವನ ಮನೆಗೆ ಕಮ್ಮಿ. ಎಚ್. ಗಣಪತಿಯಪ್ಪ ರೈತರನ್ನು ಸಂಘಟಿಸಿದರು. ಸಮಾಜವಾದಿಗಳು ಜೊತೆಗೂಡಿದರು. ರಾಮಮನೋಹರ ಲೋಹಿಯಾ ಬಂದು ಬಂಧನಕ್ಕೊಳಗಾದರು.

ಇನ್ನು ನಡುವಿನ ಪಟ್ಟಿ. ಚಟಗಾಂವ್ ಶಸ್ತ್ರಾಗಾರದ ಮೇಲೆ ಸೂರ್ಯ ಸೇನ್ ತಂಡದ ದಾಳಿ, 1930. ತಾತ್ಯಾ ಟೋಪೆಗೆ ಗಲ್ಲು, 1859. ಏಷ್ಯಾ, ಆಫ್ರಿಕಾ ದೇಶಗಳ ಬಾಂಡುಂಗ್ ಸಮ್ಮೇಳನದ ಆರಂಭ, 1955. ಎಲ್ಲವೂ ದೊಡ್ಡ ಘಟನೆಗಳೇ. ಆದರೆ ಬೋರ್ಡಿಗೆ ನಾನು ಆರಿಸುವುದು ಇನ್ನೊಂದನ್ನು. 1951ರ ಏಪ್ರಿಲ್ 18ರಂದೇ, ತೆಲಂಗಾಣದ ಪೋಚಂಪಲ್ಲಿಯಲ್ಲಿ ವಿನೋಬಾ ಭಾವೆಯವರ ಎದುರು ಭೂಮಿಯಿಲ್ಲದ ದಲಿತ ಕುಟುಂಬಗಳು 80 ಎಕರೆ ಕೇಳಿದವು. ಸಭೆಯಲ್ಲಿದ್ದ ವೆದಿರೆ ರಾಮಚಂದ್ರ ರೆಡ್ಡಿ 100 ಎಕರೆ ಕೊಡುತ್ತೇನೆ ಎಂದರು. ಭೂದಾನ ಚಳವಳಿ ಹುಟ್ಟಿದ್ದು ಹಾಗೆ.

ಒಂದೇ ದಿನ, ಒಂದೇ ವರ್ಷ, ಎರಡೂ ಕಡೆ ನೆಲದ್ದೇ ಪ್ರಶ್ನೆ. ಅಲ್ಲಿ ಒಡೆಯರ ಮನಸ್ಸಿಗೆ ಮೊರೆ, ಇಲ್ಲಿ ಉಳುವವರ ಹಕ್ಕಿನ ಒತ್ತಾಯ. ಕಾಗೋಡಿನವರಿಗೆ ಪೋಚಂಪಲ್ಲಿಯ ಸುದ್ದಿ ಅಂದು ಮುಟ್ಟಿರಲು ಸಾಧ್ಯವಿಲ್ಲ. ಆದರೂ ಅಕ್ಕಪಕ್ಕ ಇಟ್ಟರೆ ಆ ಕಾಲ ಎಂಥದ್ದು ಅನ್ನುವುದು ತಟ್ಟನೆ ಗೊತ್ತಾಗುತ್ತದೆ. ಕೆಳಗೆ ಇನ್ನೊಂದು ಸಾಲು ಸೇರಿಸಿ: ‘ಕರ್ನಾಟಕದಲ್ಲಿ ಗೇಣಿ ಪದ್ಧತಿ ರದ್ದಾದ ಭೂಸುಧಾರಣೆ 1974ರ ಮಾರ್ಚ್ 1ರಿಂದ ಜಾರಿ.’ ಮಾರ್ಚ್ 1ರ ಪುಟದಲ್ಲೂ ಇದನ್ನು ಬರೆದಿಡಿ.

ತಾನಾಗಿ ಕೂಡಿದ್ದೋ, ಬೇಕೆಂದೇ ಕೂಡಿಸಿದ್ದೋ?

ಪ್ರತಿ ಜೋಡಿಗೂ ಈ ಪ್ರಶ್ನೆ ಕೇಳಲು ಮಕ್ಕಳಿಗೆ ಹೇಳಿಕೊಡಿ. 1956ರ ನವೆಂಬರ್ 1ರಂದು ಕನ್ನಡ ನಾಡು ಒಂದಾಯಿತು. 1973ರಲ್ಲಿ ಅದೇ ದಿನ ‘ಕರ್ನಾಟಕ’ ಎಂಬ ಹೆಸರು ಬಂತು. 2014ರಲ್ಲಿ ಅದೇ ದಿನ ‘ಶಿಮೊಗ’ ಅಧಿಕೃತವಾಗಿ ‘ಶಿವಮೊಗ್ಗ’ ಆಯಿತು. ಇದು ಕಾಕತಾಳೀಯ ಅಲ್ಲ, ದಿನ ನೋಡಿ ಮಾಡಿದ್ದು. ಶಿವಮೊಗ್ಗದ ಸೋಗಾನೆಯ ವಿಮಾನ ನಿಲ್ದಾಣ ಉದ್ಘಾಟನೆಯಾದ 2023ರ ಫೆಬ್ರುವರಿ 27 ಚಂದ್ರಶೇಖರ ಆಜಾದ್ ಹುತಾತ್ಮರಾದ ದಿನವೂ ಹೌದು, 1931ರಲ್ಲಿ. ಇವೆರಡಕ್ಕೂ ನಂಟಿಲ್ಲ. ಎರಡನ್ನೂ ಬರೆಯಿರಿ, ನಂಟು ಕಟ್ಟಬೇಡಿ.

ತಾರೀಖು ಸರಿ ಇದೆಯಾ?

ಜಾಸ್ತಿ ಹೊತ್ತು ಹಿಡಿಯುವ ಕೆಲಸ ಇದು. ಮೊದಲು ವಾರ ನೋಡಿ. 1951ರ ಏಪ್ರಿಲ್ 18 ಬುಧವಾರ. ಯಾರಾದರೂ ‘ಆವತ್ತು ಭಾನುವಾರ’ ಎಂದು ಬರೆದಿದ್ದರೆ ತಾರೀಖೋ ವಾರವೋ ಒಂದು ತಪ್ಪು. ಹಳೆಯ ಪತ್ರಿಕೆ ನೋಡುವಾಗ ಸುದ್ದಿ ಅಚ್ಚಾದ ದಿನವನ್ನೇ ಘಟನೆಯ ದಿನ ಅಂದುಕೊಳ್ಳಬೇಡಿ, ಸಾಮಾನ್ಯವಾಗಿ ಒಂದು ದಿನ ಹಿಂದಿನದು.

ದೇಶ ಬದಲಾದರೆ ಗಡಿಯಾರವೂ ಬದಲು. ಮನುಷ್ಯ ಚಂದ್ರನ ಮೇಲಿಳಿದದ್ದು ಅಮೆರಿಕದ ಲೆಕ್ಕದಲ್ಲಿ 1969ರ ಜುಲೈ 20. ನಮ್ಮಲ್ಲಿ ಆಗಲೇ 21 ಹುಟ್ಟಿ ನಸುಕಿನ 1 ಗಂಟೆ 47 ನಿಮಿಷ.

ಪಂಚಾಂಗವೇ ಬೇರೆಯಾದರೆ ಇನ್ನೂ ಎಚ್ಚರ ಬೇಕು. 1917ರಲ್ಲಿ ರಷ್ಯಾದ ಪೆಟ್ರೋಗ್ರಾಡಿನ ಹೆಣ್ಣುಮಕ್ಕಳು ಮುಷ್ಕರ ಹೂಡಿದ್ದು ಅಲ್ಲಿಯ ಹಳೆಯ ಕ್ಯಾಲೆಂಡರಿನಲ್ಲಿ ಫೆಬ್ರುವರಿ 23. ಹದಿಮೂರು ದಿನ ಸೇರಿಸಿದರೆ ಮಾರ್ಚ್ 8, ಈಗಿನ ಮಹಿಳಾ ದಿನ. ನಮ್ಮ ಎಡಗಡೆ ಪಟ್ಟಿಯಲ್ಲಿ ಮಾರ್ಚ್ 8ಕ್ಕೆ ಈಸೂರು ಇರುತ್ತದೆ. 1942ರಲ್ಲಿ ಸ್ವತಂತ್ರ ಎಂದು ಸಾರಿಕೊಂಡ ಶಿಕಾರಿಪುರ ತಾಲ್ಲೂಕಿನ ಆ ಊರಿನ ಹೋರಾಟಕ್ಕಾಗಿ ಗುರಪ್ಪ, ಮಲ್ಲಪ್ಪ, ಸೂರ್ಯನಾರಾಯಣಾಚಾರ್, ಹಾಲಪ್ಪ, ಶಂಕರಪ್ಪ ಎಂಬ ಐವರನ್ನು 1943ರ ಮಾರ್ಚ್ 8, 9, 10ರಂದು ಬೆಂಗಳೂರಿನ ಜೈಲಿನಲ್ಲಿ ಗಲ್ಲಿಗೇರಿಸಿದರು. ಆ ಊರಿನ ಹೆಂಗಸರೂ ಸೆರೆಮನೆ ಕಂಡರು. ಮಹಿಳಾ ದಿನದ ಬೋರ್ಡಿನಲ್ಲಿ ಅವರಿಗೂ ಒಂದು ಸಾಲು ಸಲ್ಲಬೇಕು. ಐವರ ಹೆಸರನ್ನೂ ಪೂರ್ತಿ ಬರೆಯಿರಿ, ‘ಮುಂತಾದವರು’ ಬೇಡ.

ತಿಥಿಯ ದಿನಗಳನ್ನು ಈ ರಿಜಿಸ್ಟರಿಗೆ ತರಬೇಡಿ. ಉಡುತಡಿಯ ಅಕ್ಕಮಹಾದೇವಿಯ ಜಯಂತಿ ಚೈತ್ರದ ಹುಣ್ಣಿಮೆಗೆ, ತಾರೀಖು ವರ್ಷವರ್ಷ ಸರಿಯುತ್ತದೆ. ಇಂಥವಕ್ಕೆ ಕೊನೆಯಲ್ಲಿ ಬೇರೆ ಹಾಳೆ ಹೊಲಿಯಿರಿ.

ಹಿರಿಯರನ್ನು ಕೇಳುವ ಬಗೆ

‘ಎಷ್ಟನೇ ತಾರೀಖು?’ ಎಂದು ಕೇಳಿದರೆ ಉತ್ತರ ಸಿಗುವುದು ಕಷ್ಟ. ‘ಯಾವ ಮಳೆ?’ ಅಂತ ಕೇಳಿ. ಹೊಳೆ ಉಕ್ಕಿದ್ದು, ಸಂಕ ಕೊಚ್ಚಿಹೋದದ್ದು, ಶರಾವತಿಯ ಮುಳುಗಡೆಗೆ ಮನೆ ಬಿಟ್ಟದ್ದು ಮಲೆನಾಡಿಗರಿಗೆ ಮಳೆಯ ಲೆಕ್ಕದಲ್ಲಿ ನೆನಪಿರುತ್ತದೆ. ಮಳೆ ನಕ್ಷತ್ರಗಳು ಸೂರ್ಯನ ಲೆಕ್ಕದವು, ಆದ್ದರಿಂದ ತಿಥಿಯಂತೆ ಓಡಾಡುವುದಿಲ್ಲ. ಆರಿದ್ರೆ ಪ್ರತಿ ವರ್ಷ ಜೂನ್ 22ರ ಆಸುಪಾಸು ಹಿಡಿದು ಜುಲೈ ಮೊದಲ ವಾರದವರೆಗೆ. ಅಲ್ಲಿಗೆ ಎರಡು ವಾರದ ಒಳಗೆ ಬಂದಿರಿ. ಆಮೇಲೆ ಪಂಚಾಯಿತಿ ಕಡತ, ಶಾಲೆಯ ಹಾಜರಿ ಪುಸ್ತಕ, ಹಳೆಯ ಪತ್ರಿಕೆ ನೋಡಿ ದಿನ ಗಟ್ಟಿಮಾಡಿಕೊಳ್ಳಿ.

ಶುರುಮಾಡಲು ಕೆಲವು ದಿನ

ಮಾರ್ಚ್ 14: ಸಮಾಜವಾದಿ ನಾಯಕ ಶಾಂತವೇರಿ ಗೋಪಾಲಗೌಡರು ಹುಟ್ಟಿದ್ದು, 1923. ಕಾರ್ಲ್ ಮಾರ್ಕ್ಸ್ ತೀರಿಕೊಂಡದ್ದು, 1883.

ಜೂನ್ 9: ಗೋಪಾಲಗೌಡರು ತೀರಿಕೊಂಡದ್ದು, 1972. ರಾಂಚಿಯ ಜೈಲಿನಲ್ಲಿ ಬಿರ್ಸಾ ಮುಂಡಾ ತೀರಿಕೊಂಡದ್ದು, 1900. ಇಬ್ಬರ ಹೋರಾಟದಲ್ಲೂ ನೆಲದ ಪ್ರಶ್ನೆ ಇದೆ, ದೊಡ್ಡ ಮಕ್ಕಳಿಗೆ ಈ ಪುಟ ಕೊಡಿ.

ಸೆಪ್ಟೆಂಬರ್ 8: ತೇಜಸ್ವಿ ಹುಟ್ಟಿದ್ದು, 1938. ಅಂತಾರಾಷ್ಟ್ರೀಯ ಸಾಕ್ಷರತಾ ದಿನ.

ನವೆಂಬರ್ 11: ಕುವೆಂಪು ತೀರಿಕೊಂಡದ್ದು, 1994. ಮೊದಲ ಮಹಾಯುದ್ಧದ ಕದನವಿರಾಮ, 1918.

ಬೋರ್ಡಿಗೆ ಏರಿಸುವಾಗ ಮೂರೇ ಘಟನೆ ಸಾಕು, ನಮ್ಮದು ಮೇಲೆ. ವರ್ಷ ದಪ್ಪಕ್ಷರದಲ್ಲಿರಲಿ. ಹಿಂದಿನ ಸಂಜೆಯೇ ಬರೆದುಬಿಡಿ, ಬೆಳಿಗ್ಗೆ ಮೊದಲ ಬಸ್ಸಿಗೆ ಬರುವ ಮಕ್ಕಳಿಗೂ ಸಿಗಲಿ.